ಕೂಗಲು ಬಿಟ್ಟ ಜಾಗ

ಜನವರಿ 6, ಮಂಗಳವಾರ

ಎಂಟನೇ ತರಗತಿಯ ಪ್ರಬಂಧ ತಿದ್ದಿದ್ದಾಯಿತು. ನಲವತ್ತೊಂದು ಮಕ್ಕಳು, ಒಂದೇ ಗೈಡು.

ಹೆಡ್‌ಮೇಡಂ ಕರೆದರು. "ಮೇಷ್ಟ್ರೇ, ಸ್ಪೋರ್ಟ್ಸ್ ಡೇಗೆ ಬ್ಯಾಂಡ್‌ನವರು ಆ ಮಿಲಿಟರಿ ಮಾರ್ಚ್ ನುಡಿಸ್ತಾರೆ. ಮಕ್ಕಳು ಹಾಡೋಕೆ ಪದ ಹಾಕಿಕೊಡಿ. ನಿಮಗೆ ಪ್ರಾಸ ಅಂದ್ರೆ ಪ್ರಾಣ ಅಲ್ವಾ?"

"ಯಾವ ಮಾರ್ಚ್ ಮೇಡಂ?"

"ಅಯ್ಯೋ, ಅದೇ ರೀ, ಹಾಲಿನ ವ್ಯಾನ್‌ದು!"

ಹೂಂ ಎಂದೆ. ಹೂಂ ಎನ್ನುವುದರಲ್ಲಿ ಇಪ್ಪತ್ತು ವರ್ಷದ ಸರ್ವೀಸು ನನ್ನದು.

7, ಬುಧವಾರ

ಬೆಳಿಗ್ಗೆ ಹಾಲಿನ ವ್ಯಾನು ಆ ಧಾಟಿ ಹಾಕಿಕೊಂಡು ಬಂತು. ಅಮ್ಮ ಎಂದಿನಂತೆ ಮಿಕ್ಸಿ ಹಾಕಿದಳು. ಜಾರಿನಲ್ಲಿ ಏನೂ ಇರಲಿಲ್ಲ.

ಆ ಧಾಟಿ ಹುಟ್ಟಿದ್ದು ಗಿರಣಿ ಗೇಟಿನಲ್ಲಿ, ಮುಷ್ಕರದ ಹಾಡಾಗಿ. ಹಾಡಿದವರಲ್ಲಿ ಅಪ್ಪನೂ ಒಬ್ಬ. ಆಮೇಲೆ ಜನರಲ್ ಗದ್ದುಗೆ ಏರಿದ. ಸೇನೆಯ ಬ್ಯಾಂಡಿನವರು ಪದ ಕಿತ್ತರು, ವೇಗ ಹೆಚ್ಚಿಸಿದರು, ನಡುವೆ ಎರಡು ತಾಳ ಖಾಲಿ ಬಿಟ್ಟರು — ಅಲ್ಲಿ ಜನ ಅವನ ಹೆಸರು ಕೂಗಬೇಕು. ಅವನ ಮೊದಲ ಸಭೆಯಲ್ಲಿ ಮೈದಾನವಿಡೀ ಕೂಗಿತು. ಅಪ್ಪ ಬಾಯಿ ಬಿಡಲಿಲ್ಲ. ಮೂರನೇ ದಿನ ಜೀಪು ಬಂತು. ನನಗೆ ನಾಲ್ಕು ವರ್ಷ. ಅಪ್ಪ ಬರಲೇ ಇಲ್ಲ.

ಜನರಲ್ ಕೂಡ ಹೋದ. ಧಾಟಿ ಉಳಿಯಿತು. ಈಗ ಖಾಲಿ ಜಾಗದಲ್ಲಿ ಚಪ್ಪಾಳೆ. ಬ್ಯಾಂಕಿಗೆ ಫೋನ್ ಮಾಡಿದರೂ ಅದೇ... ದಯವಿಟ್ಟು ಕಾಯಿರಿ. ಕಾಯುತ್ತೇನೆ.

9, ಶುಕ್ರವಾರ

ಓಡುವ ಕಾಲು, ಗೆಲ್ಲುವ ಸಾಲು... ಹೀಗೇ ಎಂಟು ಸಾಲು. ಸಲೀಸಾಗಿ ಬಂತು, ನಾಚಿಕೆಯಾಗುವಷ್ಟು. ಖಾಲಿ ಜಾಗದಲ್ಲಿ ಶಾಲೆಯ ಹೆಸರು ಕೂಗಲಿ ಎಂದರು ಮೇಡಂ.

ಅಮ್ಮನನ್ನು ಕೇಳದೆ ಕೊಡುವುದಿಲ್ಲ. ಬೇಡ ಎಂದರೆ ಹರಿದುಹಾಕುತ್ತೇನೆ.

11, ಭಾನುವಾರ

ಕೇಳಿದೆ. ಒಣಗಿದ ಬಟ್ಟೆ ಮಡಿಸುತ್ತಿದ್ದಳು.

"ಕೊಡೋ. ಧಾಟಿಗೇನು ಗೊತ್ತು ಪಾಪ."

"ಅಪ್ಪ ಅವತ್ತು ಕೂಗ್ಲಿಲ್ವಲ್ಲಮ್ಮ. ನಾನು ಹ್ಯಾಗೆ—"

"ನಾನು ಕೂಗಿದೆ. ನೀನೂ ಕೂಗಿದೆ. ಅವರ ಹೆಗಲ ಮೇಲೆ ಕೂತು."

ಹಾಡಿನ ಹಾಳೆ ಜೇಬಿಗಿಟ್ಟೆ.

"ಖುಷಿಯೋ ಖುಷಿ ನಿನಗೆ. 'ಅಪ್ಪಾ, ನೀನೂ ಕೂಗಪ್ಪಾ' ಅಂತ ಅವರ ತಲೆ ಮೇಲೆ ಬಡಿದೆ. ಸುತ್ತ ಇದ್ದೋರೆಲ್ಲ ತಿರುಗಿ ನೋಡಿದ್ರು."

ಒಂದು ಟವೆಲು ಮಡಿಸಿದಳು. ಇನ್ನೊಂದು ಮಡಿಸಿದಳು.

"ಮಗು ಕಣೋ ನೀನು. ಅದಕ್ಕೇ ಹೇಳಿರ್ಲಿಲ್ಲ."

ಅಪ್ಪಾ, ಕೂಗಪ್ಪಾ. ಪ್ರಾಸ ಚೆನ್ನಾಗಿದೆ.

19, ಸೋಮವಾರ, ಮಧ್ಯಾಹ್ನ 1.40, ಸ್ಟಾಫ್ ರೂಮು

ಹಾಳೆ ಕೊಟ್ಟೆ. ಎರಡು ತಾಳ ಖಾಲಿಯೇ ಇದೆ.

"ಇಲ್ಲಿ ಏನು ಕೂಗ್ಬೇಕು ಮೇಷ್ಟ್ರೇ?"

"ಏನೂ ಬೇಡ ಮೇಡಂ. ಸುಮ್ನೆ ನಿಲ್ಲಲಿ."

"ಯಾಕ್ರೀ?"

ಎರಡರ ಬೆಲ್ಲಿಗೆ ಬಂದು ಹೇಳುತ್ತೇನೆ ಎಂದೆ. ಏನೆಂದು ಶುರು ಮಾಡಲಿ? ಅಪ್ಪ ಕೂಗಲಿಲ್ಲ ಎಂದೇ? ಇಷ್ಟು ವರ್ಷ ಅಷ್ಟೇ ಹೇಳಿದ್ದು. ನಾನು ಕೂಗಿದೆ ಎಂದೇ? ಬೆಲ್ಲಾಯಿತು.