ನಡುಹೊಳೆಯಲ್ಲಿ ನಿಂತ ಇಲಿ

ತಿರುವನಂತಪುರ
ಜುಲೈ ೧೨, ೨೦೨೫

ಉಪೇಂದ್ರರಿಗೆ,

ನಮಸ್ಕಾರ. ‘ಪ್ರೀತಿಯ’ ಎಂದು ಬರೆಯುವ ರೂಢಿಯನ್ನು ಕೊಚ್ಚಿಯಲ್ಲೇ ಬಿಟ್ಟು ಬಂದಿದ್ದೇನೆ. ಫೋನಿನಲ್ಲಾದರೆ ನೀವು ನನ್ನ ಮಾತು ಮುಗಿಯಲು ಬಿಡುವುದಿಲ್ಲ. ಅದಕ್ಕೆ ಈ ಕಾಗದ.

ನಮ್ಮ ಹಳೆಯ ಲ್ಯಾಪ್‌ಟಾಪಿನಲ್ಲಿ ಅಮ್ಮ ಮೊಮ್ಮಗಳು ಸಂಹಿತಾಳಿಗೆ ಕಥೆ ಹೇಳುವ ವಿಡಿಯೋಗಳಿದ್ದವಲ್ಲ, ಅವು ಮಾಯವಾದಾಗ ನೀವು ಏನೆಂದಿರಿ? “ಅಪ್‌ಡೇಟ್ ಆಗುವಾಗ ಹೋಗಿರ್ಬೇಕು ಮಾರಾಯ್ತಿ, ನಾನೆಂತ ಮಾಡ್ಲಿ?” ಅಮ್ಮ ತೀರಿಕೊಂಡ ಮೇಲೆ ಅವಳ ದನಿ ಉಳಿದಿದ್ದದ್ದು ಅಲ್ಲಿ ಮಾತ್ರ. ಆದರೂ ನಿಮ್ಮ ಮಾತನ್ನು ನಂಬಿದೆ.

ಮೊನ್ನೆ ನಮ್ಮ ಆಫೀಸಿನ ಕೃಪಾ ಪೆನ್‌ಡ್ರೈವ್ ಹಿಡಿದು ಮನೆಗೆ ಬಂದಳು. ಅಳಿಸಿದ ಫೈಲು ಹುಡುಕುವ ಸಾಫ್ಟ್‌ವೇರ್ ಅದರೊಳಗಿಂದಲೇ ಓಡುತ್ತದೆ. ಲ್ಯಾಪ್‌ಟಾಪಿಗೆ ಹಾಕಬೇಕಾಗಿಲ್ಲ, ಹಾಕಲೂಬಾರದಂತೆ. ಅಳಿಸಿದ ಫೈಲು ಕೂಡಲೇ ಸಾಯುವುದಿಲ್ಲ. ಅದರ ಜಾಗದಲ್ಲಿ ಬೇರೆಯದು ಬಂದು ಕೂತಾಗ ಸಾಯುತ್ತದೆ.

ಹುಡುಕುತ್ತಾ ಕೃಪಾ ನಕ್ಕಳು: “ಅಕ್ಕಾ, ಇಲ್ಲಿ ಯಾರೋ ಮೊದಲೇ ಇಂಥದ್ದೊಂದು ಹಾಕಿ ಕೂತಿದ್ದಾರಲ್ಲ.”

ಅದನ್ನು ಹಾಕಿದ ತಾರೀಖು ನೋಡಿದೆ. ನಾನು ವರ್ಗಾವಣೆಗೆ ಒಪ್ಪಿದೆನೆಂದು ನೀವು ಕಿರುಚಾಡಿದ ದಿನ. “ಹೋಗು, ನಿನ್ನಮ್ಮನ ಕಥೆಗಳನ್ನೂ ಕಟ್ಟಿಕೊಂಡು ಹೋಗು” ಎಂದಿರಲ್ಲ, ಅದೇ ಸಂಜೆ. ವಿಡಿಯೋ ಇಲ್ಲವೆಂದು ನನಗೆ ಗೊತ್ತಾದದ್ದು ವಾರ ಕಳೆದು. ಅದಕ್ಕೆ ಮೊದಲೇ ಹುಡುಕಲು ಕೂತವರು ಯಾರು? ಅಳಿಸಿದವರೇ.

ಸಿಟ್ಟಿನಲ್ಲಿ ಅಳಿಸಿದಿರಿ. ಆಮೇಲೆ ಹೆದರಿ, ಹುಡುಕುವ ಸಾಫ್ಟ್‌ವೇರನ್ನೇ ಅದೇ ಲ್ಯಾಪ್‌ಟಾಪಿಗೆ ಹಾಕಿ ಅಮ್ಮನ ಮೇಲೆ ಕೂರಿಸಿದಿರಿ. ಬ್ಯಾಂಕಿನಲ್ಲಿ ಎಲ್ಲರಿಗೂ ಕಂಪ್ಯೂಟರ್ ಪಾಠ ಹೇಳುವವರು ನೀವು. ಪಶ್ಚಾತ್ತಾಪಪಟ್ಟಿರಿ ಎಂದು ನಾನು ಕರಗುವುದಿಲ್ಲ. ಅಳಿಸಿದ್ದನ್ನು ಮರೆತೇನು, ನನ್ನ ಮುಖ ನೋಡುತ್ತಾ ಹೇಳಿದ ಸುಳ್ಳನ್ನಲ್ಲ.

ಉಳಿದ ಕಥೆಗಳೆಲ್ಲ ಮರಳಿದವು, ಒಂದು ಮಾತ್ರ ಅರ್ಧ. ಇಲಿಯೊಂದು ಮೊಸಳೆಯ ಬೆನ್ನೇರಿ ಹೊಳೆಯಾಚೆಯ ಮದುವೆಗೆ ಹೊರಟಿದೆ. ನಡುಹೊಳೆಯಲ್ಲಿ ಮೊಸಳೆ ಗಕ್ಕನೆ ನಿಂತು, “ಅಲ್ಲಿ ನನಗೂ ಊಟ ಉಂಟಾ?” ಎನ್ನುತ್ತದೆ. ಆಗಿನ್ನೂ ಮೂರು ವರ್ಷದ ಸಂಹಿತಾ, ಆಮೇಲೇನಾಯಿತೆಂದು ತನ್ನ ಮಲಯಾಳದಲ್ಲಿ “ಎನ್ನಿಟ್ಟೋ?” ಎಂದು ಕೇಳುತ್ತಾಳೆ. ಅಮ್ಮ ಬಾಯಿ ತೆರೆಯುತ್ತಾಳೆ. ಅಲ್ಲಿಗೆ ಕಡಿದುಹೋಗಿದೆ.

ನೀವು ಇಲ್ಲಿಗೆ ಬರುವುದು ಬೇಡ. ಫೋನೂ ಬೇಡ.

ಇತಿ,
ರತ್ನ

ಬಿಟ್ಟುಹೋದ ಮಾತು: ಸಂಹಿತಾಳಿಗೆ ಆ ಕಥೆಯ ಕೊನೆ ನೆನಪಿಲ್ಲ. ಊಟಕ್ಕೆ ಕೂತರೂ “ಎನ್ನಿಟ್ಟೋ?”, ಸ್ನಾನಕ್ಕೆ ಹೋದರೂ “ಎನ್ನಿಟ್ಟೋ?” ಅಮ್ಮ ಅದನ್ನು ನನಗೆ ಯಾವತ್ತೂ ಹೇಳಿರಲಿಲ್ಲ. ಅಂದು ಎದುರು ಕೂತು ವಿಡಿಯೋ ಮಾಡಿದವರು ನೀವು. ಮುಂದಿನ ಭಾನುವಾರ ಬೆಳಗಿನ ರೈಲಿಗೆ ಬನ್ನಿ. ಇಲಿಯನ್ನು ದಡ ಮುಟ್ಟಿಸಿ ಹೋಗಿ. ಊಟ ಉಂಟಾ ಎಂದು ಮಾತ್ರ ಕೇಳಬೇಡಿ.