ಮುಳುಗದ ಆನೆ

ಕಡಲು ಉಕ್ಕಿ ನೆಲ ಮುಳುಗಿದ ಇನ್ನೂರನೆಯ ವರ್ಷ, ಹದಿಮೂರನೆಯ ತಿಂಗಳು, ಮಂಜಿನ ಪಕ್ಷ.

ನೆಲದ ಮೇಲೆ ಬದುಕಿದ ಹಿರಿಯರಿಗೆ ತೇಲೂರಿನ ಮುತ್ತಕ್ಕನ ವಂದನೆಗಳು. ನನ್ನ ಕೆಲವು ಮಾತು ನಿಮಗೆ ವಿಚಿತ್ರವೆನಿಸಬಹುದು, ಕ್ಷಮಿಸಿ. ತೇಲೂರೆಂದರೆ ಒಂದಕ್ಕೊಂದು ಬಿಗಿದ ತೆಪ್ಪಗಳ ಊರು. ನಿಮ್ಮ ಕುಂದಾಪುರ ನಮ್ಮ ಕೆಳಗಿದೆ. ಇಲ್ಲಿ ಹಾಸಿಗೆಯೂ ಉಪ್ಪು, ಕೂದಲೂ ಉಪ್ಪು. ಯಾರಾದರೂ ನೀರಿಗೆ ಬಿದ್ದರೆ ಊರಿಗೆ ಊರೇ ಬಾಯಿ ಮುಚ್ಚಿಕೊಳ್ಳುತ್ತದೆ. ಮಂಜಿನಲ್ಲಿ ಕಣ್ಣು ಕೆಲಸಕ್ಕೆ ಬಾರದು. ಕೂಗು ಕೇಳಿದ ದಿಕ್ಕಿಗೆ ಹಗ್ಗ ಎಸೆಯುತ್ತೇವೆ. ಇದಕ್ಕೆ ಕಿವಿಮೌನ ಎನ್ನುತ್ತೇವೆ. ಬಿದ್ದವರು ಮೇಲೆ ಬರಬೇಕು, ಇಲ್ಲವೇ ಮನೆಯವರು ಗಟ್ಟಿಯಾಗಿ ಅಳಬೇಕು. ಅಲ್ಲಿಯವರೆಗೆ ಅದು ಮುಗಿಯುವುದಿಲ್ಲ.

ನನ್ನ ಗಂಡ ಶೀನ, ಮುಳುಗಿದ ಕಟ್ಟಡವೊಂದರ, ನೀರು ಮುಟ್ಟದ ತುದಿ ಮಾಳಿಗೆಯಿಂದ ನಿಮ್ಮ ಕಾಲದ ಮೂಕಿ ಚಿತ್ರವೊಂದನ್ನೂ ಅದನ್ನು ತೋರಿಸುವ ಕೈತಿರುವಿನ ಪೆಟ್ಟಿಗೆಯನ್ನೂ ತಂದ. ಗೆರೆಗಳಲ್ಲಿ ಬರೆದ ಹಡಗು, ಅದರ ಮೇಲೊಬ್ಬ ನಾವಿಕ. ಆ ನಾವಿಕ ಬಾಲ ಮುಖದಲ್ಲಿರುವ ಪ್ರಾಣಿ. ಅದರ ಹೆಸರು ಆನೆಯಂತೆ. ಲಂಗರು ತಲೆಗೆ ಬಡಿದು ಚಪ್ಪಟೆಯಾಗುತ್ತದೆ, ಮೀನು ಅದರ ಕೆನ್ನೆಗೆ ಬಾರಿಸುತ್ತದೆ, ಕೊನೆಗೆ ಆನೆ ಕಡಲಿಗೆ ಬೀಳುತ್ತದೆ. ಮೊದಲ ಸಲ ಅದು ಬಿದ್ದಾಗ ನಾವೆಲ್ಲ ಉಸಿರು ಬಿಗಿಹಿಡಿದು ಕಿವಿಗೊಟ್ಟೆವು. ಕೂಗು ಬರಲೇ ಇಲ್ಲ. ಆದರೂ ಆನೆ ಮೈ ಕೊಡವಿಕೊಂಡು ಮೇಲೆ ಬಂತು! ನನ್ನ ಮಗಳು ಚಂದು ಬಿದ್ದು ಬಿದ್ದು ನಕ್ಕಳು. ಆಮೇಲೆ ಊರಿನ ಮಕ್ಕಳೆಲ್ಲ ಹಾಗೆ ನಗುವುದನ್ನು ಕಲಿತರು.

ಕಳೆದ ತಿಂಗಳ ಮಂಜಿನಲ್ಲಿ ಶೀನ ತೆಪ್ಪ ಬಿಗಿಯುವಾಗ ಕಾಲು ಜಾರಿ ನೀರಿಗೆ ಬಿದ್ದ. ದಿನವೂ ಆನೆಯ ಹಾಗೆ ಕುಣಿದು ನಗಿಸುತ್ತಿದ್ದವನು. ಮಕ್ಕಳು ಚಪ್ಪಾಳೆ ತಟ್ಟಿ ನಕ್ಕರು. "ಹೆದ್ರ್‌ಬೇಡ ಅಬ್ಬಿ, ಅಪ್ಪಯ್ಯ ಈಗ ಮೇಲ್ ಬತ್ರ್ ಕಾಣ್!" ಎಂದು ಚಂದು ನನಗೆ ಕೂಗಿ ಹೇಳಿದಳು. ಆ ಗದ್ದಲದಲ್ಲಿ ಅವನ ಕೂಗು ಯಾವ ಕಡೆಯಿಂದ ಬಂತೆಂದು ತಿಳಿಯಲಿಲ್ಲ. ಎಸೆದ ಹಗ್ಗ ಖಾಲಿ ಬಂತು.

ಅಂದಿನಿಂದ ಚಂದು ತುಟಿ ಬಿಚ್ಚಿಲ್ಲ. ತೆಪ್ಪದ ಅಂಚಿನಲ್ಲಿ ಕೂತಿರುತ್ತಾಳೆ. ನಾನು ಪಾತ್ರೆ ಸದ್ದು ಮಾಡಿದರೂ ಬಾಯಿಗೆ ಬೆರಳಿಟ್ಟು ತೋರಿಸುತ್ತಾಳೆ. ನಾನು ಅತ್ತಾಯಿತು, ಊರು ತನ್ನ ಕಿವಿಮೌನ ಮುಗಿಸಿತು. ಅವಳದು ಮುಗಿದಿಲ್ಲ. ಅಪ್ಪ ಇನ್ನು ಬರುವುದಿಲ್ಲ ಎಂದರೆ ಆನೆ ಬರಲಿಲ್ಲವೇ ಎಂಬಂತೆ ಚಿತ್ರದ ಪೆಟ್ಟಿಗೆಯತ್ತ ಕೈ ತೋರಿಸುತ್ತಾಳೆ. ಊಟ ಸರಿಯಾಗಿ ಮುಟ್ಟುವುದಿಲ್ಲ, ದಿನದಿಂದ ದಿನಕ್ಕೆ ಸೊರಗುತ್ತಿದ್ದಾಳೆ. ನಿಮ್ಮ ಮೇಲೆ ನನಗೆ ಸಿಟ್ಟಿದೆ, ಅದಕ್ಕಿಂತ ಹೆಚ್ಚು ಭಯವಿದೆ.

ಚಿತ್ರ ಬರೆಯುವವರೇ, ನಗಿಸಿದ್ದು ತಪ್ಪೆನ್ನುವುದಿಲ್ಲ. ಒಂದೇ ಒಂದು ಚಿತ್ರ ಬೇರೆ ಥರ ಬರೆಯಿರಿ. ಆನೆ ಬೀಳಲಿ, ನೀರು ಮುಚ್ಚಿಕೊಳ್ಳಲಿ; ಆಮೇಲೆ ಏನನ್ನೂ ಬರೆಯಬೇಡಿ. ಅದನ್ನು ನೀರು ಮುಟ್ಟದಷ್ಟು ಎತ್ತರದಲ್ಲಿಡಿ, ನಾನು ಹುಡುಕಿಕೊಳ್ಳುತ್ತೇನೆ. ನನ್ನ ಮಗಳಿಗೆ ತೋರಿಸಬೇಕು. ಅವಳು ಅಳಬೇಕು.