ಮೂರನೆಯ ಪ್ರೊಫೈಲಿನ ಎತ್ತುಗಳು

ಹರದನಹಳ್ಳಿ
ಗುರುವಾರ

ಪೂಜ್ಯ ಮಾವನವರಿಗೆ ಶಿವರಂಜಿನಿಯ ಶರಣು.

ಫೋನಿನಲ್ಲಿ ಕೇಳಿದರೆ ಗುಂಡ್ಲುಪೇಟೆಯಲ್ಲಿ ಮಗಳ ಮುಂದೆ ನಿಮಗೆ ಮುಜುಗರವಾದೀತೆಂದು ಬರೆಯುತ್ತಿದ್ದೇನೆ.

ಟಿವಿಗೆ ಸಿಕ್ಕಿಸಿರುವ ಗೇಮ್ ಕನ್ಸೋಲಿನಲ್ಲಿ ನಾನೂ ನಿಮ್ಮ ಮಗನೂ ಬೇಸಾಯದ ಆಟ ಆಡುತ್ತೇವಲ್ಲ, ಅದರಲ್ಲಿ ಇರಬೇಕಾದದ್ದು ಎರಡು ಪ್ರೊಫೈಲು, ನಮ್ಮಿಬ್ಬರ ಹೆಸರಿಗೆ ಒಂದೊಂದು ಹೊಲ. ಇರುವುದು ಮೂರು. ಮೂರನೆಯದಕ್ಕೆ ಹೆಸರಿಲ್ಲ. ನಾವು ಬದನಗುಪ್ಪೆಯ ಫ್ಯಾಕ್ಟರಿಯಲ್ಲಿದ್ದ ಹೊತ್ತಿನಲ್ಲಿ ಯಾರೋ ಅಲ್ಲಿ ಅರಿಸಿನ ಬೆಳೆದಿದ್ದಾರೆ, ನಮ್ಮಿಬ್ಬರಿಗಿಂತ ಚೆನ್ನಾಗಿ. ಎದುರುಮನೆ ದಿಲೀಪನ ಮೇಲೆ ಅನುಮಾನಪಟ್ಟು, ಅವನನ್ನು ಒಳಗೆ ಬಿಡಬೇಡಿ ಎಂದು ನಿಮಗೇ ಹೇಳಿದೆ. ನೀವು ತಲೆಯಾಡಿಸಿದಿರಿ. ನೀವು ಮಗಳ ಮನೆಗೆ ಹೋದ ದಿನದಿಂದ ಆ ಬೆಳೆ ನೀರು ಕಂಡಿಲ್ಲ.

ನಾನು ಯಾರ ಹೆಸರನ್ನೂ ಹೇಳುತ್ತಿಲ್ಲ. "ಕೆಲ್ಸಿಲ್ದೋರ ಆಟ ಕಣವ್ವ" ಎಂದವರು ನೀವೇ. ಆದರೆ ಆಟದಲ್ಲಿ ದಿನದಿನದ ಲೆಕ್ಕ ಉಳಿದಿರುತ್ತದೆ; ವಾರವೆಲ್ಲ ಉಳುವ ಆ ಹೊಲದ ಎತ್ತುಗಳು ಸೋಮವಾರ ಮಾತ್ರ ಕೊಟ್ಟಿಗೆ ಬಿಟ್ಟಿಲ್ಲ. ಬಸವನ ವಾರವೆಂದು ಆಟದ ಎತ್ತಿಗೂ ಬಿಡುವು ಕೊಡುವವರು ಈ ಬೀದಿಯಲ್ಲಿ ಎಷ್ಟು ಜನರಿದ್ದಾರೆ?

ನಿಮ್ಮ ಮಗ, "ಭಾನ್ವಾರ ರಜಾ, ಮೂರ್ನೂ ಒಂದಕ್ಕೆ ಸೇರಿಸ್ಬುಡನ, ಜಮೀನು ಜಾಸ್ತಿ ಆಯ್ತದೆ" ಎನ್ನುತ್ತಿದ್ದಾರೆ. ಸೇರಿಸಿದರೆ ಎಲ್ಲವೂ ಅವರ ಪ್ರೊಫೈಲಿಗೆ ಹೋಗುತ್ತದೆ. ಅವರ ಹೊಲದಲ್ಲಿ ಟ್ರ್ಯಾಕ್ಟರಿದೆ. ಹೋದ ವರ್ಷ ನಿಮ್ಮ ಜೋಡೆತ್ತನ್ನು ಮಾರಿಸಿದ ಹಾಗೆ ಈ ಜೋಡಿಯನ್ನೂ ಮಾರುತ್ತಾರೆ.

ಭಾನುವಾರದೊಳಗೆ ಬಂದುಬಿಡಿ. ಅಲ್ಲಿಯವರೆಗೆ ಆಟದ ರಿಮೋಟು ಅಕ್ಕಿ ಡಬ್ಬದಲ್ಲಿರುತ್ತದೆ, ಅವರಿಗೆ ಗೊತ್ತಿಲ್ಲ. ಎತ್ತುಗಳಿಗೆ ನಾನೇ ಮೇವು ಹಾಕುತ್ತಿದ್ದೇನೆ. ಸೋಮವಾರ ನೊಗಕ್ಕೆ ಕಟ್ಟಲಿಲ್ಲ.

ನಿಮ್ಮ ಸೊಸೆ,
ಶಿವರಂಜಿನಿ